ವಲ್ಲಿಯ ಮಾತಿನ ಮೇಲೆ ಗುಸ್ತಾವರ ದನಿ

ಅಥವಾ ಅವರು ಕುಳಿತಿದ್ದದ್ದು ಪೇಂಟ್ ಡಬ್ಬಿಯ ಮೇಲೆ ಇರಬೇಕು, ಕುರ್ಚಿಯ ಮೇಲಲ್ಲ. ಇಷ್ಟು ವರ್ಷ ಈ ಕತೆ ಹೇಳುವಾಗಲೆಲ್ಲ ನಾನು ಕುರ್ಚಿ ಎಂದೇ ಹೇಳುತ್ತ ಬಂದಿದ್ದೇನೆ. ಆದರೆ ಸಲ್ಮಾಬಾದಿನ ನಮ್ಮ ಕೆಲಸಗಾರರ ಕ್ಯಾಂಪಿನ ಆ ಕೋಣೆಯಲ್ಲಿ ಇದ್ದದ್ದು ಎರಡಂತಸ್ತಿನ ನಾಲ್ಕು ಮಂಚ, ನಡುವೆ ಒಬ್ಬ ಮನುಷ್ಯ ಅಡ್ಡಡ್ಡ ನಡೆಯುವಷ್ಟು ಜಾಗ. ಅಲ್ಲಿ ಕುರ್ಚಿ ಎಲ್ಲಿಂದ ಬಂತು? ನನ್ನ ನೆನಪಿನಲ್ಲಂತೂ ಪೋಲೆಂಡಿನ ಸಿನಿಮಾ ನಿರ್ದೇಶಕ ಗುಸ್ತಾವ್ ಒಂದು ಮರದ ಕುರ್ಚಿಯಲ್ಲಿ ಕಾಲ ಮೇಲೆ ಕಾಲು ಹಾಕಿ ಕುಳಿತಿದ್ದಾರೆ. ಆ ಕುರ್ಚಿಯ ಎಡಗೈ ಮುರಿದಿತ್ತು ಎನ್ನುವುದೂ ನನಗೆ ನೆನಪಿದೆ. ಇಲ್ಲದ ಕುರ್ಚಿಯ ಮುರಿದ ಕೈಯನ್ನು ನೆನಪಿಟ್ಟುಕೊಂಡವನು ನಾನು. ಮುಂದೆ ಓದುವವರು ಇದನ್ನು ಗಮನದಲ್ಲಿಟ್ಟುಕೊಂಡರೆ ಒಳ್ಳೆಯದು.

ಇದೆಲ್ಲ ಈಗ ತಲೆಗೆ ಬಂದದ್ದು ನನ್ನದೊಂದು ಕೆಟ್ಟ ಚಾಳಿಯಿಂದ. ಯಾರಾದರೂ ಮಾತಾಡುತ್ತಿದ್ದರೆ ನಾನು ಒಂದು ಕ್ಷಣ ಬಿಟ್ಟು ಅದನ್ನೇ ಇನ್ನೊಂದು ಭಾಷೆಯಲ್ಲಿ ಮೆಲ್ಲಗೆ ಹೇಳುತ್ತೇನೆ. ಟಿವಿಯಲ್ಲಿ ಅರಬಿ ವಾರ್ತೆ ಬಂದರೆ ತುಳುವಿನಲ್ಲಿ, ಹಿಂದಿ ಧಾರಾವಾಹಿ ಬಂದರೆ ಕನ್ನಡದಲ್ಲಿ. ಯಾರೂ ಕೇಳಿರುವುದಿಲ್ಲ. ಹೋದ ತಿಂಗಳು ಡಾಕ್ಟರ ಎದುರಿಗೆ ಕುಳಿತಾಗಲೂ ಹಾಗೆಯೇ ಮಾಡಿದೆ. ಹೊರಗೆ ಬಂದ ಮೇಲೆ ನನ್ನ ಹೆಂಡತಿ ಸುಮತಿ ಕಾರಿನ ಬಾಗಿಲು ಹಾಕುವ ಮೊದಲೇ ಶುರು ಮಾಡಿದಳು.

"ಡಾಕ್ಟರು ಹೇಳಿದ್ದು ನನಗೂ ಕೇಳಿಸ್ತದೆ ಮಾರ್ರೆ. ನಿಮ್ಮದು ಎಂತ ಅದು, ಬಾವಿಯೊಳಗೆ ಕೂತು ಮಾತಾಡಿದ ಹಾಗೆ?"

"ಅಭ್ಯಾಸ."

"ಅಭ್ಯಾಸ ಆದ್ರೆ ಸರಿಯಾಗಿ ಆದ್ರೂ ಹೇಳಿ. ಅವರು ಸಕ್ಕರೆ ಪೂರ್ತಿ ಬಿಡಿ ಅಂದ್ರು. ನೀವು 'ಸ್ವಲ್ಪ ಕಮ್ಮಿ ಮಾಡ್ಬೇಕಂತೆ' ಅಂದ್ರಿ."

ನನಗೆ ಹಾಗೆ ಹೇಳಿದ್ದು ಗೊತ್ತೇ ಇರಲಿಲ್ಲ. ಮೂವತ್ತು ವರ್ಷಕ್ಕೂ ಹೆಚ್ಚು ಕಾಲ ಕೊಲ್ಲಿಯ ಈ ದ್ವೀಪದಲ್ಲಿ ಒಬ್ಬರ ಮಾತನ್ನು ಇನ್ನೊಬ್ಬರಿಗೆ ದಾಟಿಸುತ್ತ ಬದುಕಿದೆ. ಮಾತು ನನ್ನ ಮೂಲಕ ಹಾದುಹೋಗುವಾಗ ಅದರ ಮುಳ್ಳು ತಾನಾಗಿ ಉದುರಿ ಬೀಳುತ್ತದೆ. ಒಂದು ಕಾಲದಲ್ಲಿ ಇದು ನನ್ನ ಹೆಮ್ಮೆಯಾಗಿತ್ತು. ಈಗ ಸುಸ್ತು ಮಾತ್ರ ಉಳಿದಿದೆ.

ಗುಸ್ತಾವ್ ಬಂದಾಗ ನಾನು ಸಲ್ಮಾಬಾದಿನ ಒಂದು ಕಬ್ಬಿಣದ ವರ್ಕ್‌ಶಾಪಿನಲ್ಲಿ ಟೈಮ್‌ಕೀಪರ್. ಯಾರು ಎಷ್ಟು ಹೊತ್ತಿಗೆ ಬಂದರು, ಎಷ್ಟು ಹೊತ್ತಿಗೆ ಹೋದರು ಎಂದು ಬರೆದಿಡುವ ಕೆಲಸ. ನಮ್ಮಲ್ಲಿ ಮಾಡಿದ ಗ್ಯಾಂಟ್ರಿ, ಏಣಿ, ಕಂಬಿಗಳೆಲ್ಲ ಅಸ್ಕರ್ ಕಡೆಯ ಕಾರ್ಖಾನೆಗಳಿಗೆ ಹೋಗುತ್ತಿದ್ದವು. ಒಂದು ದಿನ ನಮ್ಮ ಮುದೀರ್, ಅಂದರೆ ಮ್ಯಾನೇಜರ್, ನನ್ನನ್ನು ಕರೆದು, "ಪೋಲೆಂಡಿನಿಂದ ಸಿನಿಮಾದವರು ಬಂದಿದ್ದಾರೆ. ಬೆಂಕಿಯ ಜೊತೆ ಕೆಲಸ ಮಾಡುವವರ ಬಗ್ಗೆ ಅವರ ಟಿವಿಗೆ ಏನೋ ತೆಗೆಯುತ್ತಾರಂತೆ. ಮೂರು ವಾರ ಅವರ ಜೊತೆ ಇರು. ನಿನಗೆ ಎಲ್ಲ ಭಾಷೆ ಬರುತ್ತದಲ್ಲ," ಎಂದ. ನನಗೆ ಬರುವುದು ಆರು ಭಾಷೆ. ಒಂದೂ ಪೂರ್ತಿ ಬರುವುದಿಲ್ಲ. ಗುಸ್ತಾವರ ಇಂಗ್ಲಿಷ್ ಕೂಡ ನನ್ನದರ ಹಾಗೆಯೇ ಕುಂಟುತ್ತಿದ್ದುದರಿಂದ ನಾವಿಬ್ಬರೂ ಒಬ್ಬರನ್ನೊಬ್ಬರು ಚೆನ್ನಾಗಿ ಅರ್ಥ ಮಾಡಿಕೊಂಡೆವು. ಅಥವಾ ಹಾಗೆಂದು ಅಂದುಕೊಂಡೆವು.

ಅವರು ಉಳಿದದ್ದು ಅದ್ಲಿಯಾದ ಒಂದು ವಿಲ್ಲಾದ ಹಿಂಭಾಗದ ಕೋಣೆಯಲ್ಲಿ. ಬೆಳಿಗ್ಗೆ ನಾನು ಪಿಕಪ್‌ನಲ್ಲಿ ಹೋಗಿ ಕರೆದುಕೊಂಡು ಬರಬೇಕು, ಸಂಜೆ ಬಿಡಬೇಕು. ಆ ದಾರಿಯಲ್ಲಿ ಅವರು ತಮ್ಮ ಬದುಕನ್ನೆಲ್ಲ ಹೇಳಿದರು. ಬದುಕು ಎನ್ನಲೋ, ಬದುಕುಗಳು ಎನ್ನಲೋ. ಮೊದಲ ವಾರ ಅವರ ತಂದೆ ರೈಲ್ವೆಯಲ್ಲಿ ಸಿಗ್ನಲ್ ಹಾಕುವವರಾಗಿದ್ದರು. ಹಸಿರು ದೀಪ, ಕೆಂಪು ದೀಪ, ಹಿಮದಲ್ಲಿ ನಿಂತ ರೈಲು, ಎಲ್ಲ ಕಣ್ಣಿಗೆ ಕಟ್ಟುವ ಹಾಗೆ ಹೇಳಿದ್ದರು. ಎರಡನೆಯ ವಾರ ಅದೇ ತಂದೆ ದರ್ಜಿಯಾದರು. ಬಾಯಲ್ಲಿ ಗುಂಡುಸೂಜಿ ಕಚ್ಚಿಕೊಂಡೇ ಮಗನಿಗೆ ಬೈಯುತ್ತಿದ್ದರಂತೆ.

"ಸಾರ್, ಹೋದ ವಾರ ರೈಲ್ವೆ ಅಂದಿದ್ರಿ," ಎಂದೆ.

ಅವರು ಸ್ವಲ್ಪವೂ ನಾಚಲಿಲ್ಲ. "ಸಿನಿಮಾದವನಿಗೆ ಒಬ್ಬ ತಂದೆ ಸಾಕಾಗುವುದಿಲ್ಲ," ಎಂದರು.

ಇಬ್ಬರೂ ತಂದೆಯರಿಗೆ ಹುಟ್ಟಿದ ಆ ಒಬ್ಬ ಮಗ ಮುಂದೆ ಜವಳಿ ಗಿರಣಿಗಳ ಒಂದು ಊರಿಗೆ ಹೋಗಿ ಸಿನಿಮಾ ಕಲಿತದ್ದರಲ್ಲಿ ಮಾತ್ರ ಬದಲಾವಣೆ ಇರಲಿಲ್ಲ. ಅವರ ಮೊದಲ ಚಿತ್ರದಲ್ಲಿ ನೂಲಿನ ಗಿರಣಿಯ ಹೆಂಗಸೊಬ್ಬಳು ಬಸ್ಸಿನ ಕಂಬಿ ಹಿಡಿದುಕೊಂಡು ನಿಂತೇ ನಿದ್ದೆ ಮಾಡುತ್ತಾಳೆ. ಹದಿನೈದು ನಿಮಿಷದ ಚಿತ್ರದಲ್ಲಿ ಅಷ್ಟೇ ಇದ್ದದ್ದು. ಆಗಿನ ಸರಕಾರದವರಿಗೆ ಆ ನಿದ್ದೆ ಹಿಡಿಸಲಿಲ್ಲ. ನಮ್ಮ ರಾಜ್ಯದಲ್ಲಿ ದುಡಿಯುವವರು ದಣಿಯುವುದಿಲ್ಲ ಎಂದು ಹೇಳಿ ಅದನ್ನು ಕಪಾಟಿಗೆ ಹಾಕಿ ಬೀಗ ಜಡಿದರು. ಒಂಬತ್ತು ವರ್ಷ. ಆ ಒಂಬತ್ತು ವರ್ಷ ಅವರು ಕತೆ ಬರೆದರು. "ಬರೆಯಲು ಕರೆಂಟು ಬೇಡ, ಪರವಾನಗಿ ಬೇಡ. ಪೆನ್ಸಿಲ್ ಒಂದೇ ಬೇಕು. ಅದನ್ನೂ ಕಚೇರಿಯಿಂದ ತರಬಹುದು," ಎಂದು ನಗುತ್ತಿದ್ದರು. ಆಮೇಲೆ ಸರಕಾರ ಬಿತ್ತು, ಕಪಾಟು ತೆರೆಯಿತು. ನೋಡಬಾರದು ಎಂದಾಗ ಎಲ್ಲರಿಗೂ ಬೇಕಾಗಿದ್ದ ಚಿತ್ರ, ನೋಡಬಹುದು ಎಂದಾದ ಮೇಲೆ ಯಾರಿಗೂ ಬೇಡವಾಯಿತು. ಥಿಯೇಟರಿನಲ್ಲಿ ಹನ್ನೊಂದು ಜನ ಇದ್ದರಂತೆ, ಅದರಲ್ಲಿ ಇಬ್ಬರು ಅವರ ಮಾಜಿ ಹೆಂಡತಿಯರಂತೆ. ನಂತರ ಬಟ್ಟೆ ಸೋಪಿನ ಜಾಹೀರಾತು ತೆಗೆದರು. ಅದರ ನಂತರ ಟಿವಿಯವರಿಗಾಗಿ ದೂರ ದೂರದ ದೇಶಗಳ ದುಡಿಯುವವರ ಚಿತ್ರಗಳು. ನಮ್ಮಲ್ಲಿಗೆ ಬರುವ ಹೊತ್ತಿಗೆ ಅವರ ಕಣ್ಣ ಕೆಳಗೆ ಎರಡು ಚೀಲ ಜೋತು ಬಿದ್ದಿದ್ದವು. ಅಸ್ಕರಿನ ಕಾರ್ಖಾನೆಗಳಿಗೆ ಹೋಗುವಾಗ ಪಕ್ಕದಲ್ಲೇ ಸಮುದ್ರ ಕಂಡರೂ ಅವರು ತಿರುಗಿ ನೋಡುತ್ತಿರಲಿಲ್ಲ.

ಕ್ಯಾಂಪಿನವರು ಅವರನ್ನು ಎರಡೇ ದಿನದಲ್ಲಿ ಗುಸ್ತಣ್ಣ ಮಾಡಿಬಿಟ್ಟರು. "ಗುಸ್ತಣ್ಣ, ಚಾಯ?" ಎಂದರೆ ಅವರಿಗೆ ಅರ್ಥವಾಗುತ್ತಿತ್ತು.

ಅವರು ಕೆಲಸ ಮಾಡುವ ರೀತಿ ವಿಚಿತ್ರವಾಗಿತ್ತು. ಒಬ್ಬನನ್ನು ಕೆಳಗಿನ ಮಂಚದ ಮೇಲೆ ಕೂರಿಸುವುದು. ಸದ್ದು ಬರುತ್ತದೆಂದು ಏಸಿ ಬಂದ್ ಮಾಡಿಸುವುದು. ಆಮೇಲೆ ಮೂರು ನಿಮಿಷ ಯಾರೂ ಏನೂ ಮಾತಾಡುವಂತಿಲ್ಲ, ಕ್ಯಾಮೆರಾ ಮಾತ್ರ ಓಡುತ್ತಿರಬೇಕು. ಜೂನ್ ತಿಂಗಳಲ್ಲಿ ಸಲ್ಮಾಬಾದಿನ ತಗಡಿನ ಮಾಡಿನ ಕೆಳಗೆ ಏಸಿ ಇಲ್ಲದ ಮೂರು ನಿಮಿಷ ಎಂದರೆ ಏನು ಎಂಬುದು ಕುಳಿತವರಿಗೇ ಗೊತ್ತು. ಹಣೆಯ ಬೆವರು ಗಲ್ಲಕ್ಕೆ ಇಳಿದ ಮೇಲೆ ಒಂದೇ ಒಂದು ಪ್ರಶ್ನೆ ಕೇಳುತ್ತಿದ್ದರು: "ಮನೆಗೆ ಹೇಳದೆ ಉಳಿಸಿಕೊಂಡದ್ದು ಏನು?"

ಒಬ್ಬ, ತಾನು ಸಿಗರೇಟು ಸೇದುವುದು ಹೆಂಡತಿಗೆ ಗೊತ್ತಿಲ್ಲ ಎಂದ. ಇನ್ನೊಬ್ಬ, ತಲೆಗೆ ಬಣ್ಣ ಹಚ್ಚುತ್ತೇನೆ ಎಂದ. ಅದಕ್ಕೆ ಹೊರಗೆ ನಿಂತವರು, "ಅದು ಹೇಳುವುದೇ ಬೇಡ ಮಾರಾಯ, ದಿಂಬು ನೋಡಿದ್ರೆ ಗೊತ್ತಾಗ್ತದೆ," ಎಂದು ಕೂಗಿ ಶಾಟ್ ಹಾಳು ಮಾಡಿದರು.

ಮೂರನೆಯವನು ವಲ್ಲಿ. ವಲೇರಿಯನ್ ಅವನ ಹೆಸರು, ಕಿನ್ನಿಗೋಳಿ ಕಡೆಯವನು, ವೆಲ್ಡರ್. ಬೇಡದ್ದನ್ನು ಬಿಟ್ಟುಬಿಡು ಎನ್ನಲು ಇಲ್ಲಿ ಎಲ್ಲ ದೇಶದವರೂ 'ಖಲ್ಲಿವಲ್ಲಿ' ಎನ್ನುತ್ತಾರೆ. ಹಾಗಾಗಿ ಅವನ ಹೆಸರನ್ನು ದಿನಕ್ಕೆ ನೂರು ಸಲ ಯಾರಾದರೂ ಕರೆಯುತ್ತಲೇ ಇದ್ದರು, ಅವನೂ ನೂರು ಸಲ "ಓ" ಎನ್ನುತ್ತಿದ್ದ. ಮನೆಯಲ್ಲಿ ಕೊಂಕಣಿ, ನನ್ನ ಜೊತೆ ತುಳು. ಊರಿನಲ್ಲಿ ಅವನಿಗೆ ಮಗಳು ಹುಟ್ಟಿ ಕೆಲವು ತಿಂಗಳಾಗಿತ್ತು. ಅವನು ನೋಡಿದ್ದು ಫೋಟೋ ಮಾತ್ರ.

ಮೂರು ನಿಮಿಷದ ಮೌನದಲ್ಲಿ ವಲ್ಲಿ ಎರಡು ಸಲ ನಕ್ಕ. ಪ್ರಶ್ನೆಯನ್ನು ನಾನು ತುಳುವಿನಲ್ಲಿ ಹೇಳಿದೆ. ಅವನು ಕ್ಯಾಮೆರಾ ಬಿಟ್ಟು ನನ್ನನ್ನೇ ನೋಡುತ್ತ ಮಾತಾಡಿದ. ತುಂಬ ಹೊತ್ತು ಮಾತಾಡಿದ. ಕೊನೆಯಲ್ಲಿ ನಕ್ಕ. ಗುಸ್ತಾವ್ ನನ್ನ ಕಡೆ ತಿರುಗಿದರು. ನಾನು ಇಂಗ್ಲಿಷಿನಲ್ಲಿ ಒಂದು ವಾಕ್ಯ ಹೇಳಿದೆ. ಸೆಕೆ ಜಾಸ್ತಿ, ಆದರೆ ತೊಂದರೆ ಇಲ್ಲ, ಮನೆಗೆ ಎಲ್ಲ ಹೇಳುತ್ತೇನೆ ಎನ್ನುತ್ತಾನೆ ಎಂಬಂಥದ್ದು ಏನೋ.

ಗುಸ್ತಾವ್ ಎರಡೂ ಕೈ ಅಗಲಿಸಿ ತೋರಿಸಿದರು. "ಅವನು ಇಷ್ಟುದ್ದ ಮಾತಾಡಿದ. ನೀನು ಇಷ್ಟು ಗಿಡ್ಡ ಮಾಡಿದೆ."

"ತುಳು ಹಾಗೆಯೇ ಸಾರ್. ಉದ್ದದ ಭಾಷೆ," ಎಂದೆ.

ನಾನು ಚಿಕ್ಕವನಿದ್ದಾಗ ನಮ್ಮ ಪಕ್ಕದ ಮನೆಯ ಐಸಮ್ಮನಿಗೆ ಬೊಂಬಾಯಿಯಿಂದ ಬರುತ್ತಿದ್ದ ಕಾಗದಗಳನ್ನು ಓದಿ ಹೇಳುತ್ತಿದ್ದೆ. ಗಂಡ ಜ್ವರ ಎಂದು ಬರೆದಿದ್ದರೆ ಆ ಸಾಲು ಹಾರಿಸುತ್ತಿದ್ದೆ. ಐಸಮ್ಮ ಕಾಗದವನ್ನು ತಿರುಗಿಸಿ ಮುರುಗಿಸಿ ನೋಡಿ, "ಮೋನೇ, ಕಾಗದ ಇಷ್ಟುದ್ದ ಉಂಟು, ನೀನು ಓದಿದ್ದು ಇಷ್ಟೇ ಅಲ್ವಾ?" ಎಂದದ್ದು ನನಗೆ ಸ್ಪಷ್ಟವಾಗಿ ನೆನಪಿದೆ. ಎಷ್ಟು ಸ್ಪಷ್ಟ ಎಂದರೆ ಅನುಮಾನ ಬರುವಷ್ಟು. ಐಸಮ್ಮ ನಿಜವಾಗಿ ಹಾಗೆ ಹೇಳಿದ್ದಳೋ, ಗುಸ್ತಾವರ ಮಾತನ್ನು ನಾನೇ ಹಿಂದಕ್ಕೆ ಹೊತ್ತುಕೊಂಡು ಹೋಗಿ ಅವಳ ಬಾಯಿಗೆ ಹಾಕಿದೆನೋ?

ಯಾಕೆ ಗಿಡ್ಡ ಮಾಡಿದೆ ಎಂದು ಕೇಳಿದರೆ ಉತ್ತರ ಕಷ್ಟವಿಲ್ಲ. ಇಲ್ಲಿಯವರಿಗೆ ಯಾರೂ ಬರೆದಿಡದ ಒಂದು ಕಾಯಿದೆ ಉಂಟು. ಒಬ್ಬ ಮನೆಗೆ ಹೇಳದ್ದನ್ನು ಇನ್ನೊಬ್ಬನೂ ಹೇಳಬಾರದು. ರಜೆಯಲ್ಲಿ ಊರಿಗೆ ಹೋಗುವಾಗ ಉಳಿದವರು ಕೊಟ್ಟ ಪೊಟ್ಟಣಗಳನ್ನು ಹಿಡಿದುಕೊಂಡು ಮನೆಮನೆಗೆ ಹೋಗಬೇಕು. "ನಮ್ಮವ ಹೇಗಿದ್ದಾನೆ?" ಎಂದು ಕೇಳುತ್ತಾರೆ. "ಫಸ್ಟ್ ಕ್ಲಾಸ್. ಸ್ವಲ್ಪ ದಪ್ಪ ಆಗಿದ್ದಾನೆ," ಎನ್ನಬೇಕು. ಇಲ್ಲಿ ಸೊರಗಿದವರೆಲ್ಲ ಊರಿನಲ್ಲಿ ದಪ್ಪಗಾಗಿದ್ದಾರೆ. ನನ್ನನ್ನೂ ಯಾರೋ ದಪ್ಪ ಮಾಡಿರಬೇಕು. ಹೀಗಿರುವಾಗ ಪೋಲೆಂಡಿನ ಟಿವಿಯಲ್ಲಿ ಹೇಳಿದ್ದು ಕಿನ್ನಿಗೋಳಿಗೆ ತಲುಪುವುದಿಲ್ಲ ಎಂದು ನಂಬುವುದು ಹೇಗೆ?

ಗುಸ್ತಾವ್ ಹೋದರು. ಎಂಟು ತಿಂಗಳ ಮೇಲೆ ಒಂದು ಶುಕ್ರವಾರ ವಲ್ಲಿ ಮಧ್ಯಾಹ್ನ ಊಟ ಮಾಡಿ ಮಲಗಿದವನು ಏಳಲಿಲ್ಲ. ಹೃದಯ ಎಂದರು. ಮಗಳನ್ನು ನೋಡಲು ಹೊರಡುವುದಕ್ಕೆ ಅವನಿಗೆ ಇನ್ನೂ ಆರು ವಾರ ಇತ್ತು.

ಆ ಮಗಳು ಶರಲ್. ಈಗ ಇಲ್ಲಿಯೇ ಒಂದು ಆಸ್ಪತ್ರೆಯಲ್ಲಿ ನರ್ಸ್. ಎರಡು ವರ್ಷದ ಹಿಂದೆ ಬಂದಳು. ರಜೆ ಸಿಕ್ಕಿದ ಶುಕ್ರವಾರ ನಮ್ಮ ಮನೆಗೆ ಬಂದು ಸುಮತಿಯ ಕೈಯ ನೀರುದೋಸೆ ತಿನ್ನುತ್ತಾಳೆ, ನನ್ನಿಂದ ಅಪ್ಪನ ಕತೆ ಕೇಳುತ್ತಾಳೆ. ಅಪ್ಪನನ್ನು ಯಾರೋ ಸಿನಿಮಾದಲ್ಲಿ ತೆಗೆದಿದ್ದರು ಎನ್ನುವುದು ಅವಳ ಮನೆಯಲ್ಲಿ ಒಂದು ದಂತಕತೆ. ಅದನ್ನು ಊರಿಗೆ ಮುಟ್ಟಿಸಿದವನು ನಾನೇ ಇರಬೇಕು. ವರ್ಷಗಟ್ಟಲೆ ಇಂಟರ್ನೆಟ್ಟಿನಲ್ಲಿ ಹುಡುಕುತ್ತಿದ್ದವಳು ಈ ವರ್ಷ ಬಾಗಿಲಲ್ಲೇ ಚಪ್ಪಲಿ ಬಿಚ್ಚದೆ, "ಅಂಕಲ್, ಸಿಕ್ಕಿತು!" ಎಂದಳು.

ಗುಸ್ತಾವರ ಬಗ್ಗೆ ಪೋಲಿಷ್ ಭಾಷೆಯ ಒಂದು ಪುಟವನ್ನೂ ಅವಳು ಹುಡುಕಿದ್ದಳು. ಫೋನು ಅದನ್ನು ತನಗೆ ತೋಚಿದ ಕನ್ನಡಕ್ಕೆ ತಿರುಗಿಸಿಕೊಟ್ಟಿತು. ನಿರ್ದೇಶಕ, ಲೇಖಕ. ಚಿತ್ರಗಳು ಹನ್ನೊಂದು, ಪುಸ್ತಕಗಳು ನಾಲ್ಕು. ತಂದೆ ಶಾಲಾ ಮಾಸ್ತರು. ಮೂರನೆಯ ತಂದೆ! ನಾನು ಜೋರಾಗಿ ನಕ್ಕೆ. ಕೆಳಗೆ ಅವರು ತೀರಿಕೊಂಡ ಸಂಗತಿ ಇತ್ತು. ನಗು ನಿಲ್ಲಿಸುವುದಕ್ಕೆ ಸ್ವಲ್ಪ ಹೊತ್ತು ಹಿಡಿಯಿತು.

ಆಮೇಲೆ ಅವಳು ಚಿತ್ರ ಹಾಕಿದಳು. ವಲ್ಲಿ ಬರುವುದು ಒಂದು ನಿಮಿಷಕ್ಕೂ ಕಡಿಮೆ. ಕೆಳಗಿನ ಮಂಚದಲ್ಲಿ ಕುಳಿತಿದ್ದಾನೆ, ಮುಖವೆಲ್ಲ ಬೆವರಿನ ಹೊಳಪು. ಮೂಲೆಯಲ್ಲಿ ನೀಲಿ ಬಣ್ಣದ ಪೇಂಟ್ ಡಬ್ಬಿ. ಕುರ್ಚಿ ಇಲ್ಲ. ನಾನೂ ಇಲ್ಲ. ವಲ್ಲಿ ನೋಡುತ್ತಿರುವ ದಿಕ್ಕಿನಲ್ಲಿ ನಾನು ಇದ್ದೇನೆ ಎಂದು ಗೊತ್ತಿರುವುದು ನನಗೊಬ್ಬನಿಗೇ. ಅವನು "ಎನ್ನ ಬಾಲೆ..." ಎನ್ನುತ್ತಾನೆ. ನನ್ನ ಮಗು. ಅಷ್ಟೇ. ಒಂದು ಉಸಿರಿನ ಮೇಲೆ ಇನ್ನೊಂದು ದನಿ ಶುರುವಾಗುತ್ತದೆ. ಗಂಡಸಿನ ದನಿ, ಒರಟು, ಏರಿಳಿತವಿಲ್ಲದ ಪೋಲಿಷ್. ಅದರ ಕೆಳಗೆ ವಲ್ಲಿ ಪಕ್ಕದ ಕೋಣೆಯಲ್ಲಿ ಮಾತಾಡುತ್ತಿರುವ ಹಾಗೆ ಕೇಳುತ್ತಾನೆ. ಆ ದನಿ ನಿಂತಾಗ ವಲ್ಲಿಯ ನಗು ಉಳಿಯುತ್ತದೆ, ಮತ್ತು "ಅತ್ತಾ?" ಎಂಬ ಒಂದು ಮಾತು. ಅಲ್ವಾ ಎಂದು ಅವನು ಯಾರನ್ನೋ ಕೇಳುತ್ತಾನೆ. ನನ್ನನ್ನೇ ಕೇಳುತ್ತಾನೆ.

"ಮೂವತ್ತು ಸಲ ಕೇಳಿದೆ ಅಂಕಲ್. ಇಯರ್‌ಫೋನ್ ಹಾಕಿ, ನಿಧಾನ ಮಾಡಿ. ನಮ್ಮ ಆಸ್ಪತ್ರೆಯ ಐಟಿಯವನಿಗೂ ಕೊಟ್ಟೆ. ಆ ಸ್ವರ ಬೇರೆ ಮಾಡ್ಲಿಕ್ಕೆ ಆಗುದಿಲ್ಲಂತೆ. ಯಾರಿದು ಪಪ್ಪನ ಮೇಲೆ ಮಾತಾಡುದು?"

ಅದಕ್ಕೆ ಉತ್ತರ ಸಿಕ್ಕಿದ್ದು ಅದ್ಲಿಯಾದ ಒಂದು ಕಾಫಿ ಅಂಗಡಿಯಲ್ಲಿ. ಶರಲಳ ಆಸ್ಪತ್ರೆಯಲ್ಲಿ ಫಿಸಿಯೋಥೆರಪಿ ಮಾಡುವ ಮಾರ್ತಾ ಎಂಬ ಪೋಲಿಷ್ ಹೆಂಗಸು ಬಂದಿದ್ದಳು. ಅವರ ದೇಶದ ಟಿವಿಯಲ್ಲಿ ಬೇರೆ ಭಾಷೆಯ ಚಿತ್ರ ಬಂದರೆ ಎಲ್ಲ ಪಾತ್ರಗಳಿಗೂ, ಗಂಡಸಿರಲಿ ಹೆಂಗಸಿರಲಿ ಮಗುವಿರಲಿ, ಒಬ್ಬನೇ ಒಬ್ಬ ಗಂಡಸು ಮೇಲಿನಿಂದ ಓದುತ್ತಾನಂತೆ. ಅವನಿಗೆ ಲೆಕ್ತೋರ್ ಎನ್ನುತ್ತಾರೆ. ಮೂಲದ ಮಾತು ಒಂದು ಕ್ಷಣ ಕೇಳಬೇಕು, ಆಮೇಲೆ ಇವನು ಶುರು ಮಾಡಬೇಕು. "ಲೆಕ್ತೋರ್ ಅಳಬಾರದು, ನಗಬಾರದು. ಅಡುಗೆಯ ವಿಧಾನ ಓದಿದ ಹಾಗೆ ಓದಬೇಕು. ನಮಗೆ ಅದೇ ಅಭ್ಯಾಸ," ಎಂದಳು ಮಾರ್ತಾ. ಚಿತ್ರದ ಕೊನೆಯಲ್ಲಿ ಬರುವ ಹೆಸರುಗಳನ್ನು ಓದಿದಳು. ಲೆಕ್ತೋರ್ ಬೇರೆ ಯಾರೂ ಅಲ್ಲ, ಗುಸ್ತಾವರೇ. ನಾನು ದಿನಾ ಪಿಕಪ್‌ನಲ್ಲಿ ಕೇಳಿದ ದನಿಯನ್ನೇ ಗುರುತಿಸದೆ ಹೋಗಿದ್ದೆ.

ಅವರು ಏನು ಹೇಳುತ್ತಾರೆ ಎಂದು ಶರಲ್ ಕೇಳಿದಳು. ಮಾರ್ತಾ ಎರಡು ಸಲ ಕೇಳಿಸಿಕೊಂಡು ನಿಧಾನವಾಗಿ ಇಂಗ್ಲಿಷಿಗೆ ತಂದಳು. ನಾನು ಅಭ್ಯಾಸದಂತೆ ಒಂದು ಕ್ಷಣ ಬಿಟ್ಟು ಕನ್ನಡಕ್ಕೆ ತಂದುಕೊಂಡೆ.

"ನನ್ನ ಮಗಳು ಇಲ್ಲಿಯೇ ಇದ್ದಾಳೆ. ಈ ಕೋಣೆಯಲ್ಲಿ ಎಂಟು ಹಾಸಿಗೆ, ಏಳು ಜನ. ಎಂಟನೆಯದರಲ್ಲಿ ಅವಳು ಮಲಗುತ್ತಾಳೆ. ಅವಳಿಗೆ ಎಚ್ಚರವಾಗದ ಹಾಗೆ ನಾವು ಏಳು ಜನವೂ ಮೆಲ್ಲಗೆ ಮಾತಾಡುತ್ತೇವೆ. ಇದನ್ನು ನಾನು ಮನೆಗೆ ಹೇಳಿಲ್ಲ."

"ಇಲ್ಲಿ ನೋಡಿ," ಎಂದಳು ಮಾರ್ತಾ, "ಏಳು ಜನ ಎನ್ನುವಲ್ಲಿ ಸ್ವಲ್ಪ ತಡವರಿಸುತ್ತಾರೆ. ಲೆಕ್ತೋರ್ ಹಾಗೆ ಮಾಡುವಂತಿಲ್ಲ."

ಶರಲ್ ಅತ್ತಳು. ಕಾಫಿ ತಂದವನು ಟಿಶ್ಯೂ ಡಬ್ಬಿಯನ್ನೇ ತಂದಿಟ್ಟು ಹೋದ. ನಾನು ಡಬ್ಬಿಯ ಮೇಲಿನ ಹೂವಿನ ಚಿತ್ರ ನೋಡುತ್ತ ಕುಳಿತೆ.

ವಲ್ಲಿ ಹಾಗೆ ಮಾತಾಡುವವನಲ್ಲ. ಆ ಕ್ಯಾಂಪಿನಲ್ಲಿ ಯಾರೂ ಮೆಲ್ಲಗೆ ಮಾತಾಡಿದ್ದನ್ನು ನಾನು ಕೇಳಿಲ್ಲ. ಒಬ್ಬರ ರೇಡಿಯೋ ಮೇಲೆ ಇನ್ನೊಬ್ಬರ ರೇಡಿಯೋ. ಆ ಸಾಲುಗಳು ಪೆನ್ಸಿಲಿನಿಂದ ಬಂದವು, ಒಂಬತ್ತು ವರ್ಷ ಕಪಾಟಿನ ಹೊರಗೆ ಕುಳಿತು ಕತೆ ಬರೆದವರ ಕೈಯಿಂದ ಬಂದವು. ನಾನು ಒಂದು ಒಣ ವಾಕ್ಯ ಕೊಟ್ಟೆ. ಅದು ಸುಳ್ಳು ಎಂದು ಅವರಿಗೆ ಗೊತ್ತಾಯಿತು. ನಿಜ ಸಿಗದ ಕಡೆ ಅವರು ತಮ್ಮದೇ ಒಂದು ಸುಳ್ಳನ್ನು ಇಟ್ಟರು, ನನ್ನದಕ್ಕಿಂತ ಚೆಂದದ್ದನ್ನು.

ಇಷ್ಟು ಬರೆದು ನಿಲ್ಲಿಸಬಹುದಾಗಿತ್ತು. ಆದರೆ ಎಂಟನೆಯ ಹಾಸಿಗೆ ನಿಜವಾಗಿಯೂ ಖಾಲಿ ಇತ್ತು. ಅದರ ಮೇಲೆ ವಲ್ಲಿಯ ಸೂಟ್‌ಕೇಸ್ ಇತ್ತು, ಅದರೊಳಗೆ ಒಂದು ವರ್ಷದ ಮಗುವಿನ ಅಳತೆಯ ಫ್ರಾಕುಗಳಿದ್ದವು. ಅವನ್ನು ಆಮೇಲೆ ಊರಿಗೆ ಕಳಿಸಿದವನು ನಾನು. ಸೂಟ್‌ಕೇಸಿನ ಒಳಗಿನದು ಗುಸ್ತಾವರಿಗೆ ಹೇಗೆ ಗೊತ್ತಾಯಿತು? ವಲ್ಲಿ ನಿಜವಾಗಿ ಹೇಳಿರಬಹುದೇ? ನಾನು ನಿಜವಾಗಿ ದಾಟಿಸಿರಬಹುದೇ? ನನ್ನನ್ನು ನಾನು ಬೈದುಕೊಳ್ಳುತ್ತಿರುವುದೇ ಒಂದು ತಪ್ಪು ನೆನಪೋ?

ಮನೆಗೆ ಬಂದು ಒಬ್ಬನೇ ಕುಳಿತು ವಲ್ಲಿಯ ಮಾತನ್ನು ಹುಡುಕಿದೆ. ಮೂರು ಸಿಕ್ಕವು. ಮೂರೂ ಅಚ್ಚ ತುಳುವಿನಲ್ಲಿ, ಮೂರೂ ಅವನದೇ ದನಿಯಲ್ಲಿ. ಮೊದಲನೆಯದರಲ್ಲಿ ಅವನು ಹೇಳುತ್ತಾನೆ: ನನ್ನ ಮಗುವನ್ನು ಊರಿನಲ್ಲಿ ಫೋರ್‌ಮನ್‌ನ ಮಗಳು ಎಂದು ಕರೆಯುತ್ತಾರೆ, ನಾನು ಫೋರ್‌ಮನ್ ಎಂದು ಬರೆದಿದ್ದೇನೆ, ತಮಾಷೆ ಅಲ್ವಾ? ಎರಡನೆಯದರಲ್ಲಿ: ನನ್ನ ಮಗು ಫೋನಿನಲ್ಲಿ ಅತ್ತರೆ ನನಗೆ ಏನೂ ಆಗುವುದಿಲ್ಲ, ಪಕ್ಕದ ಮನೆಯ ಮಗು ಅತ್ತ ಹಾಗೆ ಕೇಳುತ್ತದೆ, ಇದು ತಪ್ಪಲ್ವಾ? ಮೂರನೆಯದರಲ್ಲಿ: ನನ್ನ ಮಗು ನಡೆಯುವುದನ್ನು ನೋಡುತ್ತೇನೋ ಇಲ್ಲವೋ, ಏಣಿ ಹತ್ತುವಾಗ ಎದೆ ಹಿಡಿದ ಹಾಗೆ ಆಗುತ್ತದೆ, ಸುಮ್ಮನೆ ಗ್ಯಾಸ್ ಅಲ್ವಾ?

ಮೂರನೆಯದನ್ನು ನಾನು ನಂಬುವುದಿಲ್ಲ. ಅವನು ಸತ್ತ ಮೇಲೆ ಹುಟ್ಟಿದ ನೆನಪು ಅದು ಎಂದು ನನಗೆ ನಾನೇ ಹೇಳಿಕೊಳ್ಳುತ್ತೇನೆ. ಹೇಳಿಕೊಂಡ ಮೇಲೂ ಅದು ಹೋಗುವುದಿಲ್ಲ. ಅದು ನಿಜವಾದರೆ, ಅವನು ಎದೆನೋವು ಎಂದದ್ದನ್ನು ಕೇಳಿಸಿಕೊಂಡ ಒಬ್ಬನೇ ಮನುಷ್ಯ ನಾನು, ಮತ್ತು ನಾನು ಸೆಕೆ ಜಾಸ್ತಿ ಎಂದು ತರ್ಜುಮೆ ಮಾಡಿದೆ.

ಡಿಸೆಂಬರಿನಲ್ಲಿ ಶರಲಳ ಮದುವೆ, ಊರಿನಲ್ಲಿ. ಮದುವೆಯ ಹಿಂದಿನ ದಿನ ಅವರಲ್ಲಿ ರೋಸ್ ಮಾಡುತ್ತಾರೆ. ಮದುಮಗಳನ್ನು ಕೂರಿಸಿ ಹಿ​ರಿಯರೆಲ್ಲ ತೆಂಗಿನ ಹಾಲು ಹಚ್ಚಿ ಹರಸುವುದು. ಹೋದ ಶುಕ್ರವಾರ ಬಂದಾಗ ಅವಳು ದೋಸೆಗೂ ಕೈ ಹಾಕಲಿಲ್ಲ.

"ರೋಸಿನ ದಿನ ಪಪ್ಪನ ಜಾಗದಲ್ಲಿ ಯಾರೂ ಇರುದಿಲ್ಲ ಅಂಕಲ್. ಆ ಹೊತ್ತಿಗೆ ಈ ವಿಡಿಯೋ ಹಾಕ್ಬೇಕು ಅಂತ ಉಂಟು. ಮಮ್ಮಿ ಅವರ ಸ್ವರ ಕೇಳದೆ ಇಪ್ಪತ್ತೈದು ವರ್ಷ ಆಯ್ತು. ಆದ್ರೆ ಆ ಪೋಲಿಷ್ ಮಮ್ಮಿಗೆ ಎಂತ ಅರ್ಥ ಆಗ್ತದೆ? ನೀವು ಹೇಳಿ. ಪಪ್ಪ ಹೇಳಿದ್ದನ್ನೇ ತುಳುವಿನಲ್ಲಿ ಹೇಳಿ, ನಾನು ರೆಕಾರ್ಡ್ ಮಾಡಿ ಅದರ ಮೇಲೆ ಹಾಕ್ತೇನೆ."

ನಾನು ನೀರು ಕುಡಿಯುವ ನೆಪದಲ್ಲಿ ಅಡುಗೆಮನೆಗೆ ಹೋದೆ. ಸುಮತಿ ಎಲ್ಲ ಕೇಳಿಸಿಕೊಂಡಿದ್ದಳು.

"ಆ ಎಂಟನೇ ಹಾಸಿಗೆಯ ಮಾತು ಚೆಂದ ಉಂಟು. ಅದನ್ನೇ ಹೇಳಿ."

"ಅದು ವಲ್ಲಿಯದ್ದಲ್ಲ."

"ಅಲ್ಲದಿದ್ರೆ? ಹುಡುಗಿಗೆ ಒಂದು ಒಳ್ಳೆ ಮಾತು ಹೇಳಿದ್ರೆ ನಿಮ್ಮ ಗಂಟು ಎಂತ ಹೋಗ್ತದೆ? ಇಷ್ಟು ವರ್ಷ ಊರಿಗೆಲ್ಲ ಹೇಳಿಲ್ವಾ?"

ಅವಳು ಹೇಳಿದ್ದು ಸರಿ. ನನ್ನಂಥವನಿಗೆ ಇದು ಎಡಗೈಯ ಕೆಲಸ. ಮರಳಿ ಬಂದು ಕುಳಿತೆ. ಶರಲ್ ಫೋನನ್ನು ಮೇಜಿನ ಮೇಲೆ ನನ್ನ ಎದುರಿಗಿಟ್ಟು ಕೆಂಪು ಗುಂಡಿ ಒತ್ತಿದಳು. ಪರದೆಯ ಮೇಲೆ ಸೆಕೆಂಡುಗಳು ಓಡತೊಡಗಿದವು. "ಎನ್ನ ಬಾಲೆ," ಎಂದೆ. ಅಲ್ಲಿಯವರೆಗೆ ಸರಿಯಾಗಿತ್ತು. ಅಲ್ಲಿಯವರೆಗಿನದು ಅವನದೇ ಮಾತು. ಮುಂದಿನದಕ್ಕೆ ಬಾಯಿ ತೆರೆದೆ. ಗುಸ್ತಾವರ ಸಾಲು ನಾಲಿಗೆಯ ತುದಿಯಲ್ಲಿತ್ತು. ಅದರ ಹಿಂದೆ ವಲ್ಲಿಯ ಮೂರು ಮಾತುಗಳೂ ಸಾಲು ಹಿಡಿದು ನಿಂತಿದ್ದವು.

"ಗೊತ್ತಿಲ್ಲ ಮಗಾ," ಎಂದೆ.

"ಎಂತ ಗೊತ್ತಿಲ್ಲ?"

"ನಿನ್ನ ಅಪ್ಪ ಹೇಳಿದ್ದು. ಆ ದನಿ ಹೇಳುವುದು ಅವನ ಮಾತಲ್ಲ, ಆ ಸಿನಿಮಾದವರು ಬರೆದದ್ದು ಅಂತ ನನಗೆ ಕಾಣ್ತದೆ. ನಾನು ಅವತ್ತು ಸರಿಯಾಗಿ ಹೇಳ್ಲಿಲ್ಲ ಅವರಿಗೆ. ಅಥವಾ ಹೇಳಿದೆನೋ. ಅದೂ ಗೊತ್ತಿಲ್ಲ."

"ನೀವು ಅಲ್ಲೇ ಇದ್ರಿ ಅಲ್ವಾ ಅಂಕಲ್?"

"ಇದ್ದೆ."

"ನಿಮ್ಮನ್ನೇ ನೋಡಿ ಹೇಳಿದ್ದಲ್ವಾ?"

"ಹೌದು."

"ಮತ್ತೆ?"

ಮೂರು ಬೇರೆ ಬೇರೆ ಸಂಗತಿ ನೆನಪಾಗುತ್ತದೆ, ಯಾವುದು ನಿಜ ಎಂದು ಹೇಳಲಾರೆ ಎಂದೆ. ಅವು ಏನೇನು ಎಂದು ಅವಳು ಕೇಳಿದಳು. ಮೊದಲನೆಯದನ್ನು ಹೇಳಿದೆ. ಅವಳು ನಕ್ಕಳು: "ಫೋರ್‌ಮನ್ ಅಂತ ಮಮ್ಮಿ ಈಗಲೂ ಹೇಳ್ತಾರೆ." ಎರಡನೆಯದನ್ನೂ ಹೇಳಿದೆ. ನಗಲಿಲ್ಲ, ತಲೆಯಾಡಿಸಿದಳು. ಮೂರನೆಯದನ್ನು ಹೇಳಲು ನನ್ನಿಂದ ಆಗಲಿಲ್ಲ. ಮರೆತೆ ಎಂದೆ. ಅವಳು ನರ್ಸ್. ನನ್ನ ಮುಖ ನೋಡಿಯೇ ಮುಂದೆ ಕೇಳಲಿಲ್ಲ ಎಂದು ಕಾಣುತ್ತದೆ.

ರೆಕಾರ್ಡಿಂಗ್ ಇನ್ನೂ ಓಡುತ್ತಲೇ ಇತ್ತು. ಅವಳು ಅದನ್ನು ನಿಲ್ಲಿಸಿದಳು, ಅಳಿಸಲಿಲ್ಲ. ಸುಮತಿ ಡಬ್ಬಿಯಲ್ಲಿ ಹಾಕಿಕೊಟ್ಟ ದೋಸೆ ತೆಗೆದುಕೊಂಡು, "ಬರ್ತೇನೆ ಆಂಟಿ," ಎಂದು ಹೊರಟಳು. ಬಾಗಿಲಲ್ಲಿ ನಿಂತು ಚಪ್ಪಲಿ ಹಾಕಿಕೊಳ್ಳುವಾಗ ನನ್ನ ಕಡೆ ತಿರುಗದೆ, "ಮಮ್ಮಿಗೆ ಎಂತ ಹೇಳುದು ಅಂತ ನಾನು ನೋಡ್ತೇನೆ ಅಂಕಲ್," ಎಂದಳು.

ಗುಸ್ತಾವರ ನಾಲ್ಕು ಪುಸ್ತಕಗಳಲ್ಲಿ ಯಾವುದಾದರೂ ಒಂದರಲ್ಲಿ ಆ ದಿನದ ಬಗ್ಗೆ ಬರೆದಿರಬಹುದು ಎಂದು ಮಾರ್ತಾ ಹೇಳಿದ್ದಾಳೆ. ಯಾವುದೂ ಈಗ ಅಂಗಡಿಯಲ್ಲಿ ಸಿಗುವುದಿಲ್ಲವಂತೆ. ಸಿಕ್ಕಿದರೂ ಮೂವರು ತಂದೆಯರಿದ್ದ ಮನುಷ್ಯ ಬರೆದದ್ದು ಅದು. ರೋಸಿನ ದಿನ ಶರಲ್ ಆ ವಿಡಿಯೋ ಹಾಕುತ್ತಾಳೋ ಇಲ್ಲವೋ, ಹಾಕಿದರೆ ಯಾವ ಮಾತು ಜೋಡಿಸುತ್ತಾಳೋ, ನಾನು ಕೇಳಿಲ್ಲ. ವಲ್ಲಿ ಮನೆಗೆ ಹೇಳದೆ ಉಳಿಸಿಕೊಂಡದ್ದು ಏನು ಎಂಬುದನ್ನು ಅವನು ಒಂದು ನಿಮಿಷ ನನಗೆ ಹೇಳಿದ್ದಾನೆ. ಅದು ಏನೆಂದು ನನಗೆ ಗೊತ್ತಿಲ್ಲ.